ವಿಷ ಎಂದೇ ಬರೆದಿದ್ದೆ

ವಿದ್ಯಾರಣ್ಯಪುರಂನ ನಮ್ಮ ಬೀದಿಯಲ್ಲಿ ಬೆಳಿಗ್ಗೆ ವಾಕಿಂಗ್ ಹೋಗುವವರ ಕೈಯಲ್ಲಿ ಒಂದು ಪ್ಲಾಸ್ಟಿಕ್ ಕವರ್ ಇರುತ್ತದೆ. ಆರೋಗ್ಯಕ್ಕಾಗಿ ನಡೆಯುವವರಿಗೆ ಕವರ್ ಯಾಕೆ? ಕಂಡವರ ಮನೆಯ ಹೂವಿಗೆ. ದಾಸವಾಳ, ಕಣಗಿಲೆ, ನಂದಿಬಟ್ಟಲು, ಕಾಂಪೌಂಡಿನಿಂದ ಹೊರಗೆ ಬಾಗಿದ್ದೆಲ್ಲ ಅವರದೇ. ಕೆಲವರಂತೂ ಕೊಕ್ಕೆ ಕಟ್ಟಿದ ಕೋಲನ್ನೇ ಹಿಡಿದು ಬರುತ್ತಾರೆ. ಕೇಳಿದರೆ, “ದೇವರಿಗೆ ತಾನೇ ಕಣ್ರೀ” ಎಂದು ನಮಗೇ ನಾಚಿಕೆಯಾಗುವಂತೆ ನಗುತ್ತಾರೆ. ದೇವರ ಹೆಸರಿನಲ್ಲಿ ಕದ್ದರೆ ಅದು ಕಳ್ಳತನವಲ್ಲ ಎಂದು ಇವರಿಗೆ ಯಾರು ಹೇಳಿಕೊಟ್ಟರೋ! ಇದನ್ನು ಬರೆಯುವಾಗಲೂ ನನಗೆ ಮೈ ಉರಿಯುತ್ತಿದೆ.

ಹೂಗಳ್ಳರನ್ನು ತಡೆಯಲು ಬೀದಿಯವರೆಲ್ಲ ಒಂದೊಂದು ಉಪಾಯ ಹೂಡಿದ್ದರು. ಎದುರುಮನೆಯವರ ಗೇಟಿನ ಮೇಲೆ ‘ನಾಯಿ ಇದೆ ಎಚ್ಚರಿಕೆ’ ಎಂಬ ಬೋರ್ಡಿದೆ. ಆ ಮನೆಯಲ್ಲಿ ಯಾವತ್ತೂ ನಾಯಿ ಸಾಕಿಲ್ಲ. ಅವರ ಪಕ್ಕದವರು ಕ್ಯಾಮೆರಾ ಇದೆ ಎಂದು ಬರೆಸಿದ್ದಾರೆ. ಅಲ್ಲಿರುವುದು ಕಪ್ಪು ಬಣ್ಣ ಬಳಿದ ಖಾಲಿ ಡಬ್ಬಿ. ನಿಜ ಬರೆದವಳು ನಾನೊಬ್ಬಳೇ. ಅದೇ ನನ್ನ ಕರ್ಮ.

ನನ್ನ ಗಿಡ ಬೆಟ್ಟದ್ದು. ಕೂನೂರಿಗೆ ಹೋಗಿದ್ದಾಗ ರಸ್ತೆಬದಿಯ ಪೊದೆಯಿಂದ ಒಂದು ಕಡ್ಡಿ ಮುರಿದು, ಒದ್ದೆ ಬಟ್ಟೆಯಲ್ಲಿ ಸುತ್ತಿ ತಂದಿದ್ದೆ. ವರ್ಷವಿಡೀ ಹಸಿರಾಗಿರುತ್ತಿತ್ತು, ಆದರೆ ಮೈಸೂರಿನ ಸೆಕೆಗೆ ಮುನಿಸಿಕೊಂಡು ಬಹಳ ಕಾಲ ಒಂದು ಮೊಗ್ಗನ್ನೂ ಬಿಡಲಿಲ್ಲ. ಅಕ್ಕಿ ತೊಳೆದ ನೀರು ಹುಯ್ದು, ಬೇಸಿಗೆಯಲ್ಲಿ ಹಳೇ ಸೀರೆ ಕಟ್ಟಿ ನೆರಳು ಮಾಡಿ ಸಾಕಿದೆ. ಕೊನೆಗೊಂದು ಕಾರ್ತಿಕದ ಚಳಿಗೆ ಹೂ ಬಿಟ್ಟಿತು. ಗೇಣುದ್ದದ ಬಿಳಿ ಹೂಗಳು, ಬಾಯಿ ಕೆಳಗೆ ಮಾಡಿ ಗಂಟೆಗಳ ಹಾಗೆ ತೂಗುತ್ತಿದ್ದವು. ಸಂಜೆಯಾದರೆ ಬೀದಿಯ ತಿರುವಿನವರೆಗೆ ಘಮ. ಬದನೆ, ಟೊಮೆಟೊ ಕುಲದ್ದೇ ಗಿಡ, ಆದರೆ ಉಮ್ಮತ್ತಿಯ ಖಾಸಾ ತಂಗಿ. ಎಲೆ, ಹೂ, ಬೀಜ ಎಲ್ಲವೂ ವಿಷ. ಅದಕ್ಕೇ ಒಂದು ತಗಡಿನ ಮೇಲೆ ಕೆಂಪು ಬಣ್ಣದಲ್ಲಿ ‘ವಿಷದ ಗಿಡ, ಹೂ ಕೀಳಬೇಡಿ’ ಎಂದು ಬರೆದು ಗೇಟಿಗೆ ಕಟ್ಟಿದೆ.

ಅದನ್ನು ಓದಿ ಮೊದಲು ನಕ್ಕವಳು ಮೂಲೆಮನೆಯಾಕೆ. “ಎದುರುಮನೇಲಿ ನಾಯಿ, ನಿಮ್ಮನೇಲಿ ವಿಷ! ಒಂದು ಹೂವಿಗೆ ಇಷ್ಟೊಂದು ಜಿಪುಣತನ ಯಾಕ್ರೀ?”

“ನಿಜವಾಗ್ಲೂ ವಿಷ ಕಣ್ರೀ,” ಎಂದೆ.

“ಶಿವನಿಗೆ ಉಮ್ಮತ್ತಿ ಅಂದ್ರೆ ಪ್ರಾಣ. ವಿಷ ಕುಡಿದೋನಿಗೆ ಇನ್ನೇನಾಗ್ತದೆ ಬುಡಿ.”

“ಅವನಿಗೇನೂ ಆಗಲ್ಲ. ನಮಗಾಗ್ತದೆ.”

ಆಕೆ ಕಣ್ಣು ಮಿಟುಕಿಸಿ ಹೋದಳು. ನನ್ನ ಗುಟ್ಟು ತನಗೆ ಗೊತ್ತು ಎನ್ನುವ ಹಾಗೆ.

ಮನೆಯಲ್ಲಿ ನಾನು, ನನ್ನ ಅತ್ತೆ ಇಬ್ಬರೇ. ಗಂಡ ತೀರಿಕೊಂಡ ಮೇಲೂ ನಾವಿಬ್ಬರು ಒಟ್ಟಿಗೇ ಉಳಿದೆವು. ಇಬ್ಬರಿಗೂ ಬಾಯಿ ಜೋರು, ಹಾಗಾಗಿ ಮನೆ ಎಂದೂ ಬಿಕೋ ಎನ್ನುವುದಿಲ್ಲ. ಕಾರ್ತಿಕದ ಆ ಸೋಮವಾರ ಅತ್ತೆ ಉಪವಾಸವಿದ್ದರು. ಮೂಲೆಮನೆಯಲ್ಲಿ ಹೆಂಗಸರೆಲ್ಲ ಸೇರಿ ಶಿವಪೂಜೆ ಇಟ್ಟುಕೊಂಡಿದ್ದರು. ನಾನು ಕಡಕೊಳದ ಕಾರ್ಖಾನೆಯಲ್ಲಿ ಪ್ಯಾಕಿಂಗ್ ನೋಡಿಕೊಳ್ಳುವವಳು. ಸಂಜೆ ಬಸ್ಸಿಳಿದು ಬಂದರೆ ಮನೆಗೆ ಬೀಗ. ನನ್ನ ಗಿಡದ ಹೊರಗಿನ ಕೊಂಬೆಗಳು ಬೋಳು.

ಮೂಲೆಮನೆಗೆ ನುಗ್ಗಿದೆ. ಹಾಲ್ ತುಂಬ ಹೆಂಗಸರು. ಮಧ್ಯದಲ್ಲಿ ಅತ್ತೆ ಕೂದಲು ಬಿಚ್ಚಿಕೊಂಡು ಕೂತಿದ್ದರು. ಮುಖ ಕೆಂಡದಂತೆ ಕೆಂಪು, ಕಣ್ಣಿನ ಕರಿಗುಡ್ಡೆ ಇಡೀ ಕಣ್ಣನ್ನೇ ತುಂಬಿಕೊಂಡಿತ್ತು. ಸೀರೆಯಿಂದ ಏನನ್ನೋ ಆರಿಸಿ ಆರಿಸಿ ಗಾಳಿಗೆ ಎಸೆಯುತ್ತಿದ್ದರು. ನಾಲಿಗೆ ಹೊರಳದೆ ಏನೋ ತೊದಲುತ್ತಿದ್ದರು. ಒಬ್ಬಳು ಆರತಿ ಎತ್ತುತ್ತಿದ್ದಳು. ಇನ್ನೊಬ್ಬಳು ಕಾಲು ಹಿಡಿದು, “ನನ್ನ ಮಗಳಿಗೆ ಗಂಡು ಯಾವಾಗ ಸಿಕ್ತದೆ ತಾಯಿ?” ಎಂದು ಕೇಳುತ್ತಿದ್ದಳು. ಮತ್ತಿಬ್ಬರು ಶಿವಲಿಂಗಕ್ಕೆ ಬಿಂದಿಗೆ ಬಿಂದಿಗೆ ನೀರು ಸುರಿಯುತ್ತಿದ್ದರು; ನೆಲವೆಲ್ಲ ಒದ್ದೆ.

ಮೂಲೆಮನೆಯಾಕೆ ಆನಂದಬಾಷ್ಪ ಒರೆಸಿಕೊಳ್ಳುತ್ತ ನನ್ನ ಕೈ ಹಿಡಿದಳು. “ನಿಮ್ಮ ಹೂವೇ ಕಣಮ್ಮ! ಬಿಸಿಹಾಲಲ್ಲಿ ನೆನೆಹಾಕಿ ಅಭಿಷೇಕ ಮಾಡಿದ್ವಿ. ಆಮೇಲೆ ಎಲ್ರೂ ಒಂದೊಂದು ಚಮಚ ಪ್ರಸಾದ ತಗೊಂಡ್ವಿ. ನಿಮ್ಮತ್ತೆ ಉಪವಾಸ ಇದ್ರಲ್ಲ ಪಾಪ, ಅಂತ ಲೋಟದ ತುಂಬ ಕೊಟ್ಟೆ. ನೋಡಿ, ಸ್ವಾಮಿ ಮೈಮೇಲೆ ಬಂದ್ಬುಟ್ಟ!”

ಆ ಕ್ಷಣ ನಾನು ಆಕೆಯ ಕೆನ್ನೆಗೆ ಬಾರಿಸಿದ್ದರೂ ತಪ್ಪಾಗುತ್ತಿರಲಿಲ್ಲ. ಬಾರಿಸಲಿಲ್ಲವಲ್ಲ ಎಂದು ಈಗಲೂ ಕೈ ಹಿಸುಕಿಕೊಳ್ಳುತ್ತೇನೆ. “ವಿಷ ಅಂತ ಬರೆದಿರಲಿಲ್ವೇನ್ರೀ? ಕಣ್ಣಿಗೆ ಮಣ್ಣು ಬಿದ್ದಿತ್ತಾ?” ಎಂದು ಕೂಗಿದೆ. ಅತ್ತೆಯ ರಟ್ಟೆ ಹಿಡಿದೆ. ಮೈ ಒಣಗಿ ಸುಡುತ್ತಿತ್ತು. ಸುತ್ತಲಿದ್ದವರು ನನ್ನನ್ನೇ ಹಿಂದಕ್ಕೆ ಎಳೆದರು. “ಬಸ್ಸಲ್ಲಿ ಬಂದಿದೀಯ, ಮುಟ್ಬೇಡ ಕಣಮ್ಮ, ಮೈಲಿಗೆ!” ಒಬ್ಬರ ಪ್ರಾಣ ಹೋಗುತ್ತಿರುವಾಗ ಇವರಿಗೆ ಮೈಲಿಗೆ. ಮೊಣಕೈಯಿಂದ ತಿವಿದು ದಾರಿ ಮಾಡಿಕೊಂಡು, ಅತ್ತೆಯನ್ನು ತಬ್ಬಿ ಎಳೆದುಕೊಂಡೇ ಬೀದಿಗೆ ಬಂದೆ. ಹಾದುಹೋಗುತ್ತಿದ್ದ ಆಟೋದವನು ಇಳಿದು ಬಂದು, ಅತ್ತೆಯ ಕಾಲ ಕಡೆ ಹಿಡಿದು ಆಟೋಗೆ ಹತ್ತಿಸಿದ. ದಾರಿಯಲ್ಲಿ ನನ್ನ ಗೇಟಿನ ಮುಂದೆ ಆಟೋ ನಿಲ್ಲಿಸಿ, ಡಾಕ್ಟರಿಗೆ ತೋರಿಸಲು ಒಂದು ಹೂ ಕಿತ್ತುಕೊಂಡೆ.

ಹೂ ನೋಡಿದ ಡಾಕ್ಟರು ಕೂಡಲೇ ಅತ್ತೆಯ ನಾಡಿ ಹಿಡಿದರು. ಎದೆ ಹೊಡೆದುಕೊಳ್ಳುತ್ತಿದ್ದ ವೇಗ ನೋಡಿ, ಇನ್ನಷ್ಟು ತಡವಾಗಿದ್ದರೆ ಕಷ್ಟವಿತ್ತು ಎಂದರು. ಅತ್ತೆ ಟ್ಯೂಬುಗಳನ್ನೆಲ್ಲ ಕಿತ್ತೆಸೆಯುತ್ತಿದ್ದರಿಂದ ಕೈಗಳನ್ನು ಬ್ಯಾಂಡೇಜ್ ಬಟ್ಟೆಯಿಂದ ಮಂಚಕ್ಕೆ ಕಟ್ಟಿದರು. ಅತ್ತೆ ನನ್ನನ್ನು ಗುರುತಿಸಲಿಲ್ಲ. ಮಾತಿಗೆ ಮಾತು ಕೊಡುತ್ತಿದ್ದ ಆ ಹೆಂಗಸು ಗೋಡೆಯ ಜೊತೆ ಮಾತಾಡುವುದನ್ನು ನೋಡಲಾರದೆ ನಾನು ಹೊರಗೆ ಬಂದು ಅತ್ತುಬಿಟ್ಟೆ. ಅತ್ತದ್ದು ಸಿಟ್ಟಿಗೋ ಭಯಕ್ಕೋ ಹೇಳಲಾರೆ.

ಬದುಕಿಕೊಂಡರು. ಮಣಿಕಟ್ಟಿನ ಮೇಲೆ ಕಂದು ಗುರುತುಗಳೊಂದಿಗೆ ಮನೆಗೆ ಕರೆತಂದಾಗ ನೋಡುತ್ತೇನೆ, ನನ್ನ ಗಿಡದ ಬುಡಕ್ಕೆ ಅರಿಶಿನ ದಾರ ಸುತ್ತಿದ್ದಾರೆ, ಹಣತೆ ಹಚ್ಚಿದ್ದಾರೆ. ತಗಡಿಗೂ ಕುಂಕುಮ ಬಳಿದಿದ್ದಾರೆ. ಆ ಬೆರಳಚ್ಚುಗಳು ನೇರ ‘ವಿಷ’ ಎಂಬ ಪದದ ಮೇಲೆಯೇ ಬಿದ್ದಿದ್ದವು.

ಅತ್ತೆಯನ್ನು ಒಳಗೆ ಮಲಗಿಸಿ ಗರಗಸ ತಂದೆ. ಗಿಡದ ತಪ್ಪೇನೂ ಇರಲಿಲ್ಲ. ಮಗುವಿನ ಹಾಗೆ ಸಾಕಿದ್ದೆ. ಆದರೆ ಈ ಜನ ಮತ್ತೆ ಕೀಳುತ್ತಾರೆಂಬುದರಲ್ಲಿ ನನಗೆ ಅನುಮಾನವಿರಲಿಲ್ಲ. ಒಂದು ಕೊಂಬೆ ಉರುಳಿಸುವಷ್ಟರಲ್ಲಿ ಮೂಲೆಮನೆಯಾಕೆ ಹಣ್ಣುಕಾಯಿಯ ತಟ್ಟೆ ಹಿಡಿದು ಓಡಿಬಂದಳು.

“ಅಯ್ಯೋ, ದೇವರ ಗಿಡ ಕಡೀತಾರೇನ್ರೀ! ಮುಂದಿನ ಸೋಮವಾರಕ್ಕೆ ಬೇಕು. ಅಮ್ಮಾವ್ರು ಎಲ್ಲಿ? ಸ್ವಾಮಿ ಏನಂದ ಅಂತ ಕೇಳ್ಬೇಕಿತ್ತು.”

ನನ್ನ ಬಾಯಿಗೆ ಬಂದ ಮಾತು ಇಲ್ಲಿ ಬರೆಯುವಂಥದ್ದಲ್ಲ. ಅದನ್ನು ಆಡುವ ಮುಂಚೆಯೇ ಅತ್ತೆ ಗೋಡೆ ಹಿಡಿದುಕೊಂಡು ಬಾಗಿಲಿಗೆ ಬಂದಿದ್ದರು. ತುಟಿ ಇನ್ನೂ ಒಡೆದೇ ಇತ್ತು.

“ನಂಗೆ ಬೇರೇನೂ ಗ್ಯಾಪ್ಕ ಇಲ್ಲ ಕಣಮ್ಮ,” ಎಂದರು, ಸಮಾಧಾನವಾಗಿಯೇ. “ಗಂಟ್ಲು ಒಣಗಿ ನೀರು ಕೊಡಿ, ನೀರು ಕೊಡಿ ಅಂತ ಕೇಳ್ಕೊಂಡೆ. ದೇವ್ರು ನೀರು ಕೇಳ್ತಾನೆ ಅಂತ ನೀವು ಎಲ್ಲಾನೂ ಕಲ್ಲಿನ ಮೇಲೆ ಹುಯ್ದುಬುಟ್ರಿ. ಅದನ್ನ ನೋಡ್ತಾ ಕೂತಿದ್ದೆ.”

ಆಕೆ ತಟ್ಟೆ ಹಿಡಿದುಕೊಂಡೇ ನಿಂತಿದ್ದಳು. ನಾನು ಮತ್ತೆ ಗರಗಸ ಎತ್ತಿಕೊಂಡೆ.