ನಾಲ್ಕು ಮೂಲೆಗೆ ಅರಿಶಿನ

ನನ್ನ ಹೆಂಡತಿಯ ತಂಗಿಗೆ ಮದುವೆ ಗೊತ್ತಾಗಿದೆ. ಯುದ್ಧವೇನೋ ಮುಗಿಯಿತು, ಕಾಗದದ ಬರ ಮುಗಿದಿಲ್ಲ; ಚಿಕ್ಕಮಗಳೂರಿನ ಪ್ರೆಸ್ಸಿನವನು ಅಚ್ಚು ಹಾಕಿಕೊಟ್ಟ ಲಗ್ನಪತ್ರಿಕೆಗಳನ್ನು ಬೆಳಕಿಗೆ ಹಿಡಿದರೆ ಎದುರು ಮನೆಯ ಹಂಚು ಕಾಣುತ್ತದೆ. ನಿನ್ನೆ ಭಾನುವಾರ ಊಟವಾದ ಮೇಲೆ ಅವಳು ಅವನ್ನೆಲ್ಲ ನಡುಮನೆಯಲ್ಲಿ ಹರಡಿ, ಬಟ್ಟಲಲ್ಲಿ ಅರಿಶಿನ ಕಲಸಿ ನನ್ನ ಮುಂದಿಟ್ಟಳು.

"ಸುಮ್ನೆ ಕೂತಿದೀರಲ್ಲ, ನಾಲ್ಕು ನಾಲ್ಕು ಮೂಲೆಗೆ ಹಚ್ಚಿ ಕೊಡಿ."

ಅರಿಶಿನದ ವಾಸನೆ ಮೂಗಿಗೆ ಬಂತು. "ವಿಳಾಸ ಬೇಕಾದ್ರೆ ನಾನು ಬರೀತೀನಿ, ಅದನ್ನ ನೀನೇ ಹಚ್ಚು" ಎಂದೆ.

"ಮದುವೆಯಾದಾಗಿನಿಂದ ನೋಡ್ತಾ ಇದೀನಿ, ಒಂದು ಕಾಗದಕ್ಕೂ ನೀವು ಅರಿಶಿನ ಮುಟ್ಟಿಸಿದವರಲ್ಲ. ಬೆರಳು ಸವೆದು ಹೋಗತ್ತಾ?"

ಬೆರಳು ಸವೆಯುವುದಿಲ್ಲ, ನಿಜ. ಆದರೆ ನನ್ನ ಬೆರಳಿಗೆ ಒಂದು ಕತೆಯಿದೆ. ಅವಳಿಗೆ ನಿನ್ನೆಯವರೆಗೆ ಹೇಳಿರಲಿಲ್ಲ, ನಿಮಗೆ ಹೇಳುತ್ತೇನೆ.

ಆಗ ನಾನು ಬಾಳೂರಿನ ಕಡೆ ಒಂದು ಇಂಗ್ಲಿಷರ ಎಸ್ಟೇಟಿನಲ್ಲಿ ರೈಟರ್ ಆಗಿದ್ದೆ. ಬೆಳಿಗ್ಗೆ ಆಳುಗಳ ಹಾಜರಿ ಕೂಗುವುದು, ಮಧ್ಯಾಹ್ನ ದೊರೆಯ ಕಾಗದಗಳನ್ನು ಟೈಪು ಮಾಡುವುದು, ಇವೇ ನನ್ನ ಸಾಹಿತ್ಯ. ವಯಸ್ಸು ಇಪ್ಪತ್ತಮೂರು. ಒಂದು ಕೋಣೆಯ ಕ್ವಾರ್ಟರ್ಸು, ಒಂದು ಒಲೆ, ನಾನೇ ಬೇಯಿಸಿದ ಅನ್ನ. ರೈಟರ್ ಎನ್ನುವ ಪ್ರಾಣಿ ಎಸ್ಟೇಟಿನಲ್ಲಿ ಅಲ್ಲಿಗೂ ಸಲ್ಲದವನು, ಇಲ್ಲಿಗೂ ಸಲ್ಲದವನು. ಆಳುಗಳು ವಾಸಿಸುವ ಲೈನಿಗೆ ಹೋಗಿ ಹರಟೆ ಹೊಡೆಯುವ ಹಾಗಿಲ್ಲ, ಬಂಗಲೆಯ ಜಗಲಿ ಹತ್ತುವ ಹಾಗಿಲ್ಲ. ಭಾನುವಾರ ಬಂತೆಂದರೆ ಮಾತಿಗೆ ಒಂದು ಜನವಿಲ್ಲದೆ ಆಫೀಸಿಗೆ ಹೋಗಿ ಟೈಪ್‌ರೈಟರಿನಲ್ಲಿ ನನ್ನ ಹೆಸರನ್ನೇ ಮತ್ತೆ ಮತ್ತೆ ಹೊಡೆಯುತ್ತ ಕೂರುತ್ತಿದ್ದೆ.

ಆ ವರ್ಷ ಮಳೆಗಾಲ ಹಿಡಿಯುವ ಹೊತ್ತಿಗೆ ನಮ್ಮ ದೊಡ್ಡ ದೊರೆಯ ಸ್ನೇಹಿತರೊಬ್ಬರು ಇಂಗ್ಲೆಂಡಿನಿಂದ ಬಂದಿಳಿದರು. ಇಬ್ಬರೂ ಜರ್ಮನ್ ಯುದ್ಧದಲ್ಲಿ ಒಂದೇ ಕಂದಕದಲ್ಲಿದ್ದವರಂತೆ. ಬಂದವರು ಸಿನಿಮಾ ನಟರು ಎಂದು ತಿಳಿದ ದಿನವೇ ಆಳುಗಳು ಅವರಿಗೆ 'ನಾಟಕದ ದೊರೆ' ಎಂದು ನಾಮಕರಣ ಮಾಡಿಬಿಟ್ಟರು. ಆರಡಿ ಮೇಲಿನ ಆಳು, ಮುರಿದು ಕೂಡಿದ ಮೂಗು, ಒಂದು ಭುಜ ಸ್ವಲ್ಪ ಕೆಳಗೆ. ಅವರು ಬಂದದ್ದು ಊರು ನೋಡಲಿಕ್ಕಲ್ಲ, ಕುಡಿತ ಬಿಡಲಿಕ್ಕೆ. ಬಿಡಲು ಬಂದವರು ಮೊದಲು ಮಾಡಿದ ಕೆಲಸವೆಂದರೆ ದೊಡ್ಡ ದೊರೆ ಬ್ರಾಂದಿ ಇಡುವ ಬೀರುವನ್ನು ಖಾಲಿ ಮಾಡಿದ್ದು. ಬೀರುವಿಗೆ ಬೀಗ ಬಿದ್ದ ಮೇಲೆ ನಮ್ಮ ಬಗನಿ ಮರದ ಕಳ್ಳಿನ ರುಚಿ ಕಂಡುಕೊಂಡರು. ಕುದುರೆಯನ್ನು ಬಂಗಲೆಯ ಮೆಟ್ಟಿಲು ಹತ್ತಿಸಿದರು. ತುಂಬಿ ಹರಿಯುವ ಭದ್ರೆಗೆ ಬೂಟು ಸಮೇತ ಹಾರಿ, ಒಂದು ಮೈಲಿ ಕೆಳಗೆ ನಗುತ್ತ ಎದ್ದರು. "ಅದು ಹೊಳೆಗೂ ಬೇಡಾದ ಜೀವ ಮಾರಾಯ" ಎಂದು ಬಂಗಲೆಯ ಬಟ್ಲರ್ ಅಂತೋಣಿ ನನ್ನ ಹತ್ತಿರ ತಲೆ ಚಚ್ಚಿಕೊಂಡ.

ಅವರ ಕೈ ನಡುಗುತ್ತಿತ್ತು, ಪೆನ್ನು ನಿಲ್ಲುತ್ತಿರಲಿಲ್ಲ. ಹಾಗಾಗಿ ಅವರ ಕಾಗದ ಬರೆಯುವ ಕೆಲಸ ನನಗೆ ಬಂತು. ಆಫೀಸಿಗೆ ಬಂದು ಸಕ್ಕರೆಯಿಲ್ಲದ ಕಾಫಿ ಕುಡಿಯುತ್ತ ಕೂತರೆ ಕಾಗದ ಎರಡು ಸಾಲು, ಮಾತು ಎರಡು ಗಂಟೆ. ನನ್ನ ಇಂಗ್ಲಿಷು ಪರೀಕ್ಷೆಗೆ ಓದಿದ ಇಂಗ್ಲಿಷು. ಮುಕ್ಕಾಲು ಅರ್ಥವಾಗುತ್ತಿತ್ತು, ಉಳಿದ ಕಾಲಿಗೆ ತಲೆ ಆಡಿಸುತ್ತಿದ್ದೆ. ಹಡಗುಕಟ್ಟೆಯಲ್ಲಿ ಮೂಟೆ ಹೊರುವವನ ಮಗ ಅವರು. ಹದಿನೈದಕ್ಕೆ ಮನೆ ಬಿಟ್ಟು ನಾಟಕದ ಕಂಪನಿ ಸೇರಿದ್ದು, ಅಲ್ಲಿಂದ ಮೂಕಿ ಚಿತ್ರಕ್ಕೆ ಹೋದದ್ದು, ಎಲ್ಲ ಚಿತ್ರದಲ್ಲೂ ಖಳನೇ, ಎಲ್ಲದರಲ್ಲೂ ಸಾವೇ. ಗೋಡೆಯಿಂದ ಬಿದ್ದು, ಕುದುರೆಯಿಂದ ಬಿದ್ದು, ಸೇತುವೆಯಿಂದ ಬಿದ್ದು ಸತ್ತಿದ್ದರು. ಭುಜ ಹಾಗಾದದ್ದು ಹಾಗೆ. ಮೂಗು ಮಾತ್ರ ಚಿತ್ರದ ಹೊರಗೆ, ಹೋಟೆಲಿನ ಜಗಳದಲ್ಲಿ ಮುರಿದದ್ದು. ಇಬ್ಬರು ಹೆಂಡಿರು ಬಿಟ್ಟು ಹೋಗಿದ್ದರು. ಕಡೆಗೊಂದು ದಿನ ಕುಡಿದ ಅಮಲಿನಲ್ಲಿ ಚಿತ್ರ ತೆಗೆಸುವ ಧಣಿಯ ಮುಖಕ್ಕೇ ಗುದ್ದಿದರು. ಆಮೇಲೆ ಯಾವ ಕಂಪನಿಯ ಬಾಗಿಲೂ ತೆರೆಯಲಿಲ್ಲ.

"ನಲವತ್ತು ಸಲ ಸತ್ತಿದ್ದೇನೆ. ಒಂದು ಸಲವೂ ಮಾತಾಡಿಲ್ಲ" ಎಂದಿದ್ದರು ಒಮ್ಮೆ.

ಅದೇ ಅವರ ದುಃಖ. ಅಂಥ ಕಂಠ ನಾನು ಆಮೇಲೆ ಕೇಳಿಲ್ಲ. ಒಂದು ಬೆಳಿಗ್ಗೆ ಹಾಜರಿಯ ಹೊತ್ತಿಗೆ ಬಂದು, ಪುಸ್ತಕ ನನ್ನ ಕೈಯಿಂದ ತೆಗೆದುಕೊಂಡು ತಾವೇ ಹೆಸರು ಕೂಗತೊಡಗಿದರು. ಪಕ್ಕದಲ್ಲಿ ನಿಂತು ನಾನು ಕಿವಿಯಲ್ಲಿ ಹೇಳಿಕೊಡುವುದು, ಅವರು ಕೂಗುವುದು. ದ್ಯಾವಮ್ಮ, ಕಾಳಿಂಗ, ಸುಬ್ಬಿ ಎಂಬ ಹೆಸರುಗಳು ರಾಜಸಭೆಯಲ್ಲಿ ಬಿರುದು ಕೂಗಿದ ಹಾಗೆ ಕಣದ ತುಂಬ ಹರಡಿದವು. ಯಾರೂ ನಗಲಿಲ್ಲ. ದ್ಯಾವಮ್ಮ ಕುಕ್ಕೆ ಎತ್ತಿಕೊಂಡು ಹೋಗುವಾಗ ನನ್ನ ಹತ್ತಿರ ನಿಂತು, "ನನ್ನ ಹೆಸರು ಇಷ್ಟು ಚೆಂದ ಅಂತ ನಂಗೇ ಗೊತ್ತಿರ್ಲಿಲ್ಲ ಮಾರಾಯ್ರೆ" ಎಂದಳು. ಅವಳು ಹೇಳಿದ್ದನ್ನು ಅವರಿಗೆ ಇಂಗ್ಲಿಷಿನಲ್ಲಿ ಹೇಳಿದೆ. ಅವರು ಪುಸ್ತಕ ನನ್ನ ಕೈಗಿಟ್ಟು ಬಂಗಲೆಯ ದಾರಿ ಹಿಡಿದರು.

ದೀಪಾವಳಿಯ ಸುಮಾರಿಗೆ ತಿಂಗಳು ಹಳೆಯದಾದ ಇಂಗ್ಲೆಂಡಿನ ಪತ್ರಿಕೆ ಹಿಡಿದುಕೊಂಡು ಆಫೀಸಿಗೆ ಓಡಿಬಂದರು. ಸಿನಿಮಾ ಮಾತಾಡುತ್ತಿದೆ! ಮೂಕಿ ಚಿತ್ರದ ಎಷ್ಟೋ ನಟರ ಕಂಠ ಕೇಳಲಾರದಂತಿದೆ, ಕಂಪನಿಗಳು ನಾಟಕದ ಕಂಠಕ್ಕಾಗಿ ಹುಡುಕುತ್ತಿವೆ. ಆ ದಿನವೇ ಕಳ್ಳಿನ ಮಡಕೆ ಒಡೆದರು. ಹಣ್ಣು ಕೊಯ್ಲಿನ ಆ ಎರಡು ತಿಂಗಳು ಅವರು ಪಟ್ಟ ಪಾಡನ್ನು ನಾನು ನೋಡಿದ್ದೇನೆ. ಬೆವರುತ್ತ, ನಡುಗುತ್ತ, ಕಾಫಿ ಗಿಡಗಳ ನಡುವೆ ಬೆಳಿಗ್ಗೆಯಿಂದ ಸಂಜೆಯವರೆಗೆ ನಡೆದೇ ನಡೆದರು. ಒಂದು ತೊಟ್ಟು ಮುಟ್ಟಲಿಲ್ಲ. ಕೈ ನಿಲ್ಲುವ ಮಟ್ಟಿಗೆ ಬಂದಾಗ ನನ್ನ ಮುಂದೆ ಕೂತು, ಅದೇ ಹಳೆಯ ಕಂಪನಿಗೆ ಕಾಗದ ಹೇಳಿ ಬರೆಸಿದರು. ಗುದ್ದಿದ್ದಕ್ಕೆ ಕ್ಷಮೆ, ಕುಡಿತ ಬಿಟ್ಟಿದ್ದೇನೆ, ಒಂದೇ ಒಂದು ಸಲ ನನ್ನ ಕಂಠ ಕೇಳಿ. ಮೂರು ಸಲ ಟೈಪು ಮಾಡಿ ಹರಿದು ಹಾಕಿದೆ. ನಾಲ್ಕನೆಯದರಲ್ಲಿ ಒಂದು ತಪ್ಪೂ ಇರಲಿಲ್ಲ. ಸಹಿ ಹಾಕಿ, "ನೀನೇ ಮುಚ್ಚಿ ಟಪಾಲಿಗೆ ಹಾಕು ರೈಟರ್. ನನಗೆ ಧೈರ್ಯವಿಲ್ಲ" ಎಂದರು.

ಕಾಗದವನ್ನು ಕೋಣೆಗೆ ತಂದೆ. ನಮ್ಮ ಮನೆಯಲ್ಲಿ ಒಳ್ಳೆಯ ಕೆಲಸಕ್ಕೆ ಹೊರಟ ಕಾಗದ ಬರಿ ಮೂಲೆಯಲ್ಲಿ ಹೊಸ್ತಿಲು ದಾಟಿದ್ದಿಲ್ಲ. ನನ್ನ ಈ ಕೆಲಸದ ಅರ್ಜಿಗೂ ಅಮ್ಮ ಹಚ್ಚಿಯೇ ಕಳಿಸಿದ್ದಳು, ಕೆಲಸ ಸಿಕ್ಕಿತ್ತು. ಒಲೆಯ ಪಕ್ಕದಲ್ಲೇ ಅರಿಶಿನದ ಡಬ್ಬಿ ಇತ್ತು. ನಾಲ್ಕು ಹನಿ ನೀರು, ಒಂದು ಬೆರಳು, ನಾಲ್ಕು ಮೂಲೆ. ಅಷ್ಟು ಅಚ್ಚುಕಟ್ಟಾದ ಬಿಳಿ ಕಾಗದಕ್ಕೆ ಕಳೆ ಬಂದ ಹಾಗೆ ಕಂಡಿತು. ಅವರಿಗೆ ಒಳ್ಳೆಯದಾಗಲಿ ಎಂದು ಕೇಳಿಕೊಂಡಷ್ಟು ಮನಸ್ಸಿಟ್ಟು ನಾನು ನನಗೂ ಕೇಳಿಕೊಂಡಿರಲಿಲ್ಲ. ನೀವು ನಗುತ್ತಿರಬಹುದು, ನಗಿ.

ಆಮೇಲೆ ಕಾಯುವುದು. ದಿನವೂ ಹನ್ನೊಂದಕ್ಕೆ ಆಲ್ದೂರಿನಿಂದ ಟಪಾಲು ಚೀಲ ಬರುವ ಹೊತ್ತಿಗೆ ಅವರು ಶೇವು ಮಾಡಿ, ಕೋಟು ಹಾಕಿ ಆಫೀಸಿನ ಬಾಗಿಲಲ್ಲಿ ನಿಂತಿರುತ್ತಿದ್ದರು. ಹೂಮಳೆ ಬಿದ್ದು ಕಾಫಿ ಹೂವರಳಿ ಗುಡ್ಡವೆಲ್ಲ ಬೆಳ್ಳಗಾಗಿ ಘಮಘಮಿಸುತ್ತಿದ್ದಾಗ ಉತ್ತರ ಬಂತು. ಕವರನ್ನು ತಿರುಗಿಸಿ ನೋಡಿ ನನ್ನ ಕಡೆ ಚಾಚಿದರು. "ನೀನು ಓದು" ಎಂದರು.

ಓದಿದೆ. ನಿಮ್ಮ ಕಾಗದ ತಲುಪಿತು, ವಿಷಾದ, ಸದ್ಯಕ್ಕೆ ಅವಕಾಶವಿಲ್ಲ. ಅದರ ಕೆಳಗೆ ಇನ್ನೂ ಒಂದು ಸಾಲಿತ್ತು: ಕುಡಿತ ಬಿಟ್ಟಿರುವುದಾಗಿ ಬರೆದಿದ್ದೀರಿ, ಆದರೆ ಕಾಗದದ ನಾಲ್ಕು ಮೂಲೆಗಳಲ್ಲೂ ಚೆಲ್ಲಿಕೊಂಡಿರುವ ಹಳದಿ ಕಲೆಗಳು ಬೇರೆಯದನ್ನೇ ಹೇಳುತ್ತವೆ.

ಆ ಸಾಲನ್ನು ನಾನು ಓದಲಿಲ್ಲ. ನೇರ ಸಹಿಗೆ ಹಾರಿದೆ. ನಟರ ಮುಂದೆ ಸಾಲು ನುಂಗಿದವನು ನಾನು! ಅವರು ನನ್ನನ್ನು ಸ್ವಲ್ಪ ಹೊತ್ತು ನೋಡಿ, ಕೈ ಚಾಚಿ ಕಾಗದ ಇಸಿದುಕೊಂಡು, ಜೇಬಿಗೆ ಹಾಕಿಕೊಂಡು ಹೋದರು. ಸಂಜೆಯೇ ಬಂಗಲೆಗೆ ಕಳ್ಳು ಹೋಯಿತು.

ಹೇಳಬೇಕಿತ್ತು. ಕಲೆ ಮಾಡಿದವನು ನಾನು, ನಾನೇ ಕಂಪನಿಗೆ ಬರೆದು ತಿಳಿಸುತ್ತೇನೆ ಎನ್ನಬೇಕಿತ್ತು. ಕೆಲಸ ಹೋದೀತೆಂದು ಹೆದರಿದೆ. ಅರಿಶಿನವಿಲ್ಲದಿದ್ದರೂ ಕಂಪನಿಯವರು ಇಲ್ಲವೆನ್ನುತ್ತಿದ್ದರೇನೋ ಎಂದು ಸಮಾಧಾನ ಮಾಡಿಕೊಂಡೆ. ಈಗಲೂ ಕೆಲವು ದಿನ ಮಾಡಿಕೊಳ್ಳುತ್ತೇನೆ. ನಾಟಕದ ದೊರೆ ಮೊದಲಿನ ಹಾಗೆಯೇ ಆಫೀಸಿಗೆ ಬರುತ್ತಿದ್ದರು, ಕೂರುತ್ತಿದ್ದರು. ಬರೆಸಲು ಮಾತ್ರ ಕಾಗದವಿರಲಿಲ್ಲ. ಇಬ್ಬರೂ ಕಿಟಕಿಯಾಚೆ ನೋಡುತ್ತಿದ್ದೆವು. ಅಷ್ಟು ಒಂಟಿಯಾಗಿ ನಾನು ಒಬ್ಬನೇ ಇದ್ದಾಗಲೂ ಇರಲಿಲ್ಲ.

ಮಳೆಗಾಲಕ್ಕೆ ಮೊದಲು ಅವರು ಹೊರಟರು. ಕಾರು ಹತ್ತುವ ಮುಂಚೆ ಆಫೀಸಿಗೆ ಬಂದು ಒಂದು ಕವರು ಕೊಟ್ಟು, "ನಾನು ಹೋದ ಮೇಲೆ ತೆರೆ" ಎಂದರು. ಕಾರು ತಿರುವಿನಲ್ಲಿ ಮರೆಯಾದ ಮೇಲೆ ತೆರೆದೆ. ಸೊಟ್ಟ ಸೊಟ್ಟ ಅಕ್ಷರದಲ್ಲಿ, ನಡುಗುವ ಕೈಯಿಂದ ತಾವೇ ಬರೆದ ಸರ್ಟಿಫಿಕೇಟು. ಈತ ಚೆನ್ನಾಗಿ ಟೈಪು ಮಾಡುತ್ತಾನೆ, ಈತ ನಂಬಿಕಸ್ಥ, ಈತನನ್ನು ಕೆಲಸಕ್ಕೆ ತೆಗೆದುಕೊಳ್ಳುವವರು ಭಾಗ್ಯವಂತರು. ಕಾಗದದ ನಾಲ್ಕು ಮೂಲೆಗೂ ಅರಿಶಿನ.

ಅಂತೋಣಿಯ ಹತ್ತಿರ ಓಡಿದೆ. "ಹೌದು ಮಾರಾಯ, ಇವತ್ತು ಬೆಳಿಗ್ಗೆ ಅಡುಗೆಮನೆಗೆ ಬಂದು ಅರಿಶಿನ ಕೇಳಿ ಹಚ್ಚಿದ್ರು. ಅವತ್ತು ಸೀಮೆಯಿಂದ ಕಾಗದ ಬಂದ ದಿನ, ಇಲ್ಲಿ ಜನ ಕಾಗದದ ಮೂಲೆಗೆ ಹಳದಿ ಏನಾದ್ರೂ ಹಚ್ತಾರಾ ಅಂತ ಕೇಳಿದ್ರು. ಅರಿಶಿನ ದೊರೆ, ಒಳ್ಳೇದಾಗ್ಲಿ ಅಂತ ಹಚ್ಚೋದು ಅಂದೆ. ಮೆಟ್ಟಿಲ ಮೇಲೆ ಕೂತು ನಕ್ಕಿದ್ದೇ ನಕ್ಕಿದ್ದು. ನಗ್ತಾ ನಗ್ತಾ ಅತ್ತುಬಿಟ್ರು. ಯಾಕೆ, ಏನಾಯ್ತು?"

ಅಂದರೆ ಅಷ್ಟು ದಿನವೂ, ಕಿಟಕಿಯಾಚೆ ನೋಡುತ್ತ ಕೂತಿದ್ದ ಅಷ್ಟೂ ದಿನ, ಅವರಿಗೆ ಗೊತ್ತಿತ್ತು. ನಾನು ಬಾಯಿ ಬಿಡಲೆಂದು ಕಾದಿದ್ದರೋ, ಬಿಡದಿರಲಿ ಎಂದು ಕಾದಿದ್ದರೋ ತಿಳಿಯದು. ನಂಬಿಕಸ್ಥ ಎಂದು ಬರೆದ ಆ ಕಾಗದವನ್ನು ಯಾರಿಗೆ ತೋರಿಸಲಿ? ಚಿಕ್ಕಮಗಳೂರಿನ ಕಾಫಿ ಕ್ಯೂರಿಂಗ್ ವರ್ಕ್ಸಿನಲ್ಲಿ ಕೆಲಸ ಕೇಳುವಾಗಲೂ ಅದನ್ನು ಹೊರಗೆ ತೆಗೆಯಲಿಲ್ಲ. ಊರಿಗೆ ಬರುವ ಟೆಂಟ್ ಸಿನಿಮಾದಲ್ಲಿ ಇಂಗ್ಲಿಷ್ ಟಾಕಿ ಇದ್ದರೆ ಮಾತ್ರ ತಪ್ಪದೆ ಹೋಗಿ, ಕಣ್ಣು ಮುಚ್ಚಿ ಕಂಠಗಳನ್ನು ಕೇಳಿಸಿಕೊಳ್ಳುತ್ತೇನೆ. ಆ ಕಂಠ ಒಮ್ಮೆಯೂ ಕೇಳಿಲ್ಲ.

ನಿನ್ನೆ, ಹೆಂಡತಿ ಬೆರಳಿನ ಮಾತು ಎತ್ತಿದಾಗ, ಎದ್ದುಹೋಗಿ ಟ್ರಂಕಿನ ತಳದಿಂದ ಅದನ್ನು ತೆಗೆದು ಅವಳ ಮುಂದಿಟ್ಟೆ. ಅವಳಿಗೆ ಇಂಗ್ಲಿಷು ಬರುವುದಿಲ್ಲ. ಮಾಸಿದ ಮೂಲೆಗಳನ್ನು ನೋಡಿ, "ಯಾರ ಮದುವೆ ಕಾಗದ ಇದು?" ಎಂದಳು.

ಎಲ್ಲ ಹೇಳಿದೆ. ಅವಳು ಕೆಲಸ ನಿಲ್ಲಿಸಿ ಕೇಳಿದಳು. ಮುಗಿದ ಮೇಲೆ ಆ ಕಾಗದವನ್ನು ಮಡಿಸುತ್ತ, "ಇದು ಕೈಗೆ ಬಂದ ಮೇಲೆ ನೀವು ಅವ್ರಿಗೆ ಬರೆದ್ರಾ?" ಎಂದಳು.

ಬರೆದಿರಲಿಲ್ಲ. ತಪ್ಪು ಮಾಡಿದ್ದನ್ನೇ ಇಷ್ಟು ವರ್ಷ ನೆನೆಯುತ್ತ ಕೂತವನಿಗೆ, ಅವರು ಒಂದು ಉತ್ತರಕ್ಕೆ ಕಾದಿರಬಹುದು ಎಂದು ಹೊಳೆದೇ ಇರಲಿಲ್ಲ. ಟಪಾಲಿಗೆ ಹೇಗೆ ಕಾಯುತ್ತಿದ್ದರೆಂದು ಕಣ್ಣಾರೆ ಕಂಡವನು ನಾನು.

ಯುದ್ಧಕ್ಕೆ ಮುಂಚೆಯೇ ಇಂಗ್ಲೆಂಡಿಗೆ ಮರಳಿದ ದೊಡ್ಡ ದೊರೆಯ ವಿಳಾಸ ನನ್ನ ಹತ್ತಿರವಿದೆ. ಸ್ನೇಹಿತರು ಇದ್ದಾರೋ ಇಲ್ಲವೋ ಅವರಿಗೆ ತಿಳಿದಿರುತ್ತದೆ. ಇವತ್ತು ಸಂಜೆ ಕೂತು, ಅವರ ಮೂಲಕ ನಾಟಕದ ದೊರೆಗೆ ಬರೆದೆ. ಟೈಪು ಮಾಡಲಿಲ್ಲ, ಕೈಯಲ್ಲೇ ಬರೆದೆ: ಆ ಕಲೆ ನನ್ನದು, ಅಂದೇ ಹೇಳಬೇಕಿತ್ತು, ನಿಮ್ಮ ಕಾಗದ ನನಗೆ ತಲುಪಿದೆ. ಬರೆದು ಮುಗಿಸಿ, ಬರಿ ಮೂಲೆಗಳನ್ನು ನೋಡಿದೆ. ಆಮೇಲೆ ಅರಿಶಿನದ ಬಟ್ಟಲನ್ನು ಹತ್ತಿರ ಎಳೆದುಕೊಂಡೆ.