ಹತ್ತನೇ ದಿನ ಅಡುಗೆ ಕಲಿತ ಮಷೀನು

ಎರಡು ಬೆರಳ ನಡುವೆ ಹಿಡಿದ ಬಸವನಹುಳುವನ್ನು ಹುಳದಕ್ಕ ಮೂಗಿನ ಹತ್ತಿರ ತಂದು ಮೂಸುತ್ತಾರೆ. ಒಂದು ಸಲ, ಸಾಲದೆಂಬಂತೆ ಇನ್ನೊಂದು ಸಲ. ಪಾಚಿಯ ವಾಸನೆ ಬಿಟ್ಟರೆ ಬೇರೇನೂ ಇಲ್ಲ. "ಸತ್ತಿಲ್ಲ. ಮುನಿಸ್ಕೊಂಡು ಬಾಗಿಲು ಹಾಕ್ಕೊಂಡಿದೆ ಅಷ್ಟೇ" ಎನ್ನುತ್ತಾ ಅದನ್ನು ಹೊಟ್ಟೆ ಕೆಳಗಾಗುವಂತೆ ನೀರಿನಡಿ ಮೆಲ್ಲಗೆ ಇಡುತ್ತಾರೆ. ಪಕ್ಕದ ತೊಟ್ಟಿಯಲ್ಲಿ ಇನ್ನೊಂದು ಅಂಗಾತ ಬಿದ್ದಿದೆ. ಅದನ್ನೂ ಎತ್ತಿ ಮೂಸುತ್ತಾರೆ. ಈ ಸಲ ಮುಖ ತಾನಾಗಿ ಅತ್ತ ತಿರುಗುತ್ತದೆ. ಅದು ಮುಚ್ಚಳದ ಡಬ್ಬಿಗೆ ಹೋಗುತ್ತದೆ.

ಹೊರಗೆ ಬೀದಿದೀಪಗಳು ಇನ್ನೂ ಆರಿಲ್ಲ. ಇದು ಬಣ್ಣದ ಮೀನುಗಳನ್ನು ಸಾಕಿ ಅಂಗಡಿಗಳಿಗೆ ಕಳಿಸುವ ತಗಡಿನ ಶೆಡ್ಡು. ನೋಡಲು ಬಂದವರೆಲ್ಲ ಮುಂದಿನ ಮೀನುಗಳ ಸಾಲಿನಲ್ಲೇ ಕಣ್ಣರಳಿಸಿ ನಿಂತುಬಿಡುತ್ತಾರೆ. ಹಿಂದೆ, ಪಂಪಿನ ಕೋಣೆಗೆ ಅಂಟಿಕೊಂಡ ಉದ್ದನೆಯ ಕೋಣೆಯೊಂದಿದೆ, ಅದರಲ್ಲಿ ಇಪ್ಪತ್ತನಾಲ್ಕು ಗಾಜಿನ ತೊಟ್ಟಿಗಳಿವೆ ಎಂಬುದು ಹೆಚ್ಚಿನವರಿಗೆ ಗೊತ್ತೇ ಇಲ್ಲ. ಜನರ ಮನೆಯ ಮೀನಿನ ತೊಟ್ಟಿಗಳಲ್ಲಿ ಗಾಜಿಗೆ ಹತ್ತಿದ ಪಾಚಿಯನ್ನು ನೆಕ್ಕಿ ತೆಗೆಯುವ ಬಸವನಹುಳುಗಳು ಬೆಳೆಯುವುದು ಇಲ್ಲಿ. ಬೆಳೆಸುವವರು ಹುಳದಕ್ಕ. ಅಪ್ಪ ಅಮ್ಮ ಇಟ್ಟ ಹೆಸರೊಂದಿದೆ. ಆದರೆ ಹನ್ನೊಂದು ವರ್ಷದಿಂದ ಆ ಹೆಸರಿನಿಂದ ಇಲ್ಲಿ ಯಾರೂ ಕರೆದಿಲ್ಲ.

ಇವತ್ತು ಅವರ ಕೈ ದಿನಕ್ಕಿಂತ ನಿಧಾನವಾಗಿದೆ. ಹತ್ತು ಗಂಟೆಗೆ ದೊಡ್ಡ ಯಜಮಾನರು ಬರುತ್ತಾರೆ. ಬಾಗಿಲ ಬಳಿಯ ಆರು ತೊಟ್ಟಿಗಳನ್ನು ನೋಡಿ, ಈ ಕೋಣೆ ಇನ್ನು ಮುಂದೆ ಹುಳದಕ್ಕನ ಕೈಯಲ್ಲಿರಬೇಕೋ ಮಷೀನಿನ ಕೈಗೆ ಹೋಗಬೇಕೋ ಎಂದು ತೀರ್ಮಾನಿಸುತ್ತಾರೆ.

ಅಷ್ಟರೊಳಗೆ ಕೆಲಸವಂತೂ ಮುಗಿಯಬೇಕು. ರಾತ್ರಿ ತೊಟ್ಟಿ ಹತ್ತಿ ತಪ್ಪಿಸಿಕೊಂಡವನ್ನು ನೆಲದ ಮೇಲಿಂದ ಹುಡುಕಿ ತರುವುದು ಮೊದಲ ಕೆಲಸ. ದಿನಕ್ಕೆ ಐದಾರು ಸಿಗುತ್ತವೆ. "ಮುಚ್ಚಳ ಒಂದು ಕೂದಲಷ್ಟು ಸರಿದಿದ್ರೂ ಸಾಕು, ಹೊರಟೇಬಿಡ್ತವೆ. ಇವನ್ನ ನಿಧಾನ ಅಂದೋರು ಯಾರು?" ಆಮೇಲೆ ಮಗುಚಿದವನ್ನು ನೆಟ್ಟಗೆ ಮಾಡುವುದು. ಪಟ್ಟೆ ಚಿಪ್ಪಿನ ಸಣ್ಣ ಜಾತಿಯವು ಬೆನ್ನ ಮೇಲೆ ಬಿದ್ದರೆ ತಾವಾಗಿ ಏಳಲಾರದೆ ಅಲ್ಲೇ ಪ್ರಾಣ ಬಿಡುತ್ತವೆ. ಆಮೇಲೆ ಅಡುಗೆ. ಎರಡು ಕಿಲೋ ಸೊಪ್ಪು, ಸೌತೆಕಾಯಿ, ಒಂದಷ್ಟು ಕ್ಯಾರೆಟ್. ಉಗುರು ಇಳಿಯುವಷ್ಟು ಬೇಯಿಸಿ, ಆರಿಸಿ, ಹೋಳು ತೇಲದಂತೆ ಪ್ರತಿಯೊಂದಕ್ಕೂ ಹಳೆಯ ಸ್ಟೀಲ್ ಚಮಚ ಚುಚ್ಚಿ ಮುಳುಗಿಸುತ್ತಾರೆ. ಮೇಲಿಂದ ಮೊಟ್ಟೆ ಚಿಪ್ಪಿನ ಪುಡಿ. ಬೀದಿ ಕೊನೆಯ ಬೇಕರಿಯವರು ಒಂದು ಬಕೆಟ್ ಚಿಪ್ಪು ಎತ್ತಿಟ್ಟಿರುತ್ತಾರೆ. ಅದನ್ನು ಕುದಿಸಿ, ಒಣಗಿಸಿ, ಒರಳಲ್ಲಿ ಕುಟ್ಟುವುದು ಮಧ್ಯಾಹ್ನದ ಕೆಲಸ. ತಿಂದು ಬಿಟ್ಟದ್ದನ್ನು ನೀರು ಹಾಳಾಗುವ ಮೊದಲೇ ಎತ್ತಿಬಿಡಬೇಕು. ಸಾವಿರದ ಒಂಬೈನೂರು ಹುಳುಗಳು, ಒಬ್ಬರೇ ಹೆಂಗಸು.

"ಸುಣ್ಣ ಇಲ್ಲದಿದ್ರೆ ಚಿಪ್ಪು ಎಲ್ಲಿಂದ ಬರುತ್ತೆ ಹೇಳಿ? ಬಾಣಂತಿ ಥರ ನೋಡ್ಕೋಬೇಕು ಇವನ್ನ" ಎನ್ನುತ್ತಾ ಅವರು ಚಮಚಗಳನ್ನು ಎಣಿಸುತ್ತಾರೆ.

ಅವರು ಇಲ್ಲಿಗೆ ಬಂದದ್ದು ನೆಲ ಗುಡಿಸಲು. ಬಂದ ಮೊದಲ ವಾರವೇ ಕಸದ ಬುಟ್ಟಿಯಲ್ಲಿ ನಲವತ್ತು ಬಸವನಹುಳುಗಳು ಬಿದ್ದಿದ್ದವು. ಬಾಗಿಲು ಮುಚ್ಚಿಕೊಂಡು ಅಲುಗಾಡದೆ ಕೂತಿದ್ದರಿಂದ ಸತ್ತಿವೆಯೆಂದು ಯಾರೋ ಸುರಿದಿದ್ದರು. ಹಾಲು ಕೆಡುವ ಮೊದಲೇ ಪಾತ್ರೆ ಮೂಸಿ ಹೇಳಬಲ್ಲ ಮೂಗು ಅವರದು. ಬಗ್ಗಿ ಮೂಸಿದರು, ವಾಸನೆಯಿಲ್ಲ. ಬಕೆಟ್ಟಿಗೆ ನೀರು ತುಂಬಿ ಹಾಕಿಟ್ಟರು. ಸಂಜೆ ಹೊತ್ತಿಗೆ ಮೂವತ್ತೊಂದು ಹುಳುಗಳು ಕೊಂಬು ಚಾಚಿ ಬಕೆಟ್ಟಿನ ಗೋಡೆ ಹತ್ತುತ್ತಿದ್ದವು. ದೊಡ್ಡ ಯಜಮಾನರು ಬಂದು ನೋಡಿ, "ಇವು ನಿಮಗೇ ಒಲಿದಿವೆ, ನೀವೇ ನೋಡ್ಕೊಳ್ಳಿ" ಎಂದು ಹೊರಟುಹೋದರು. ಕೆಲಸ ಸಿಕ್ಕಿದ್ದು ಹಾಗೆ. ಪೊರಕೆಯನ್ನು ಇನ್ನೊಬ್ಬರಿಗೆ ಕೊಟ್ಟರು.

ಮನೆಯಲ್ಲಿ ಇದನ್ನು ಕೇಳಿ ನಕ್ಕವರೇ ಎಲ್ಲ. ಚಿಕ್ಕಂದಿನಲ್ಲಿ ಅವರನ್ನು ಅಕ್ಕಂದಿರು ಕರೆಯುತ್ತಿದ್ದದ್ದೇ ಬಸವನಹುಳು ಎಂದು. ಒಂದು ಲೋಟ ತೊಳೆಯಲು ಅಷ್ಟು ಹೊತ್ತು. ಮದುವೆಯಾದ ಮೇಲೆ ಅತ್ತೆಗೂ ಅದೇ ಮಾತು ಸಿಕ್ಕಿತು. ಹೊಲಿಗೆ ಕೆಲಸದ ಗಂಡ ಈಗಲೂ ಸಂಜೆ ಬಾಗಿಲಲ್ಲೇ ಕೇಳುತ್ತಾರೆ: "ಬಂದ್ಯಾ? ನಿನ್ನ ನೆಂಟರಿಷ್ಟರೆಲ್ಲ ಉಂಡ್ರಾ?"

"ಉಂಡ್ರು. ನಿಮಗಿಂತ ವಾಸಿ, ಉಪ್ಪು ಕಮ್ಮಿ ಅನ್ನಲ್ಲ."

ನಗುವಿನ ಹಿಂದೆ ಒಂದು ಕೆಟ್ಟ ದಿನವೂ ಇದೆ. ಮೂರು ವರ್ಷದ ಹಿಂದೆ ಮೀನುಗಳಿಗೆ ಬಿಳಿಚುಕ್ಕೆ ರೋಗ ಬಂದಾಗ ತಾಮ್ರ ಬೆರೆತ ಔಷಧಿ ಹಾಕಿದ್ದರು. ಮೀನಿಗೆ ಔಷಧಿಯಾದದ್ದು ಬಸವನಹುಳುವಿಗೆ ವಿಷ. ಆ ಔಷಧಿ ಅಳೆದ ಮಗ್ಗನ್ನೇ ಗೊತ್ತಿಲ್ಲದೆ ಇಲ್ಲಿನ ತೊಟ್ಟಿಗಳಿಗೆ ಅದ್ದಿದವರು ಬೇರೆ ಯಾರೂ ಅಲ್ಲ, ಹುಳದಕ್ಕನೇ. ಮಾರನೇ ಬೆಳಗ್ಗೆ ಆರುನೂರು ಹುಳುಗಳು. ಅವತ್ತು ಮೂಸಿ ನೋಡುವ ಅಗತ್ಯವೇ ಇರಲಿಲ್ಲ, ಬಾಗಿಲಲ್ಲೇ ಗೊತ್ತಾಯಿತು. ಯಾರೂ ಬೈಯಲಿಲ್ಲ. "ಬೈದಿದ್ರೆ ಚೆನ್ನಾಗಿತ್ತು" ಎಂದಷ್ಟೇ ಹೇಳಿ ಅವರು ಮಾತು ಬದಲಿಸುತ್ತಾರೆ. ಅಂದಿನಿಂದ ಈ ಕೋಣೆಯ ಮಗ್ಗಿಗೆ ಕೆಂಪು ದಾರ ಕಟ್ಟಿದೆ.

ಮಷೀನು ಬಂದದ್ದು ಎರಡು ತಿಂಗಳ ಕೆಳಗೆ. ತಂದವರು ಚಿಕ್ಕ ಯಜಮಾನರು, ದೊಡ್ಡವರ ತಮ್ಮ. ಕೆಟ್ಟವರಲ್ಲ. ಹುಳದಕ್ಕನ ಮಂಡಿನೋವು ಕಂಡು ಮರುಗುವವರೂ ಅವರೇ. ತೊಟ್ಟಿಯ ಅಂಚಿಗೆ ಸಿಕ್ಕಿಸುವ ಡಬ್ಬಿ, ದಿನಕ್ಕೆ ಎರಡು ಸಲ ತಾನೇ ತಿರುಗಿ ಒಣ ಆಹಾರದ ಗುಳಿಗೆ ಉದುರಿಸುತ್ತದೆ. ಅಣ್ಣತಮ್ಮಂದಿರಿಗೆ ಮಾತಿಗೆ ಮಾತು ಬೆಳೆದು ಕೊನೆಗೆ ಪರೀಕ್ಷೆಯೆಂದಾಯಿತು: ಒಂದೇ ವಯಸ್ಸಿನ ಮರಿಗಳು, ಮೂರು ತೊಟ್ಟಿ ಮಷೀನಿಗೆ, ಮೂರು ಹುಳದಕ್ಕನಿಗೆ. ಆರು ವಾರ. ಮಷೀನಿನ ತೊಟ್ಟಿಗೆ ಹುಳದಕ್ಕ ಕೈ ಹಾಕುವಂತಿಲ್ಲ.

ಮೊದಲ ಮೂರು ದಿನ ಅವರು ಆ ಕಡೆ ನೋಡಲೇ ಇಲ್ಲ. ನಾಲ್ಕನೇ ದಿನ ನೋಡಿದರು. ಗುಳಿಗೆಗಳೆಲ್ಲ ಒಂದೇ ಮೂಲೆಗೆ ಬೀಳುತ್ತಿದ್ದವು. ಆ ಮೂಲೆಯಲ್ಲಿ ಬೀಡುಬಿಟ್ಟ ದೊಡ್ಡವು ತಿನ್ನುತ್ತಿದ್ದವು, ಚಿಕ್ಕವು ಗಾಜಿನುದ್ದ ತೆವಳಿ ಬರುವಷ್ಟರಲ್ಲಿ ಉಳಿದದ್ದು ಕರಗಿ ಗೊಜ್ಜಾಗುತ್ತಿತ್ತು. ಸುಣ್ಣದ ಅಂಶವಂತೂ ಮೊದಲೇ ಇಲ್ಲ. ಏಳನೇ ದಿನ ಚಿಪ್ಪಿನ ಅಂಚು ಬೆಳ್ಳಗೆ, ತೆಳ್ಳಗೆ, ಹಪ್ಪಳಿಕೆ ಎದ್ದಂತೆ ಕಾಣತೊಡಗಿತು.

ಪ್ಯಾಕಿಂಗ್ ವಿಭಾಗದ ಗೆಳತಿಗೆ ಅದನ್ನು ನೋಡಿ ಖುಷಿಯೋ ಖುಷಿ. "ಅಕ್ಕಾ, ನೀನೇನೂ ಮಾಡಬೇಡ. ಕಣ್ಣು ಮುಚ್ಕೊಂಡು ಒಂದು ತಿಂಗಳು ತಳ್ಳು. ಅದೇ ಮಖಾಡೆ ಮಲಗುತ್ತೆ!"

ನಿಜ. ಗೆಲ್ಲಲು ಅವರು ಮಾಡಬೇಕಾಗಿದ್ದದ್ದು ಏನೂ ಮಾಡದೆ ಇರುವುದೊಂದೇ. ಎಂಟನೇ ದಿನವೂ ಹಾಗೇ ಇದ್ದರು. ಒಂಬತ್ತನೇ ದಿನ ಮನೆಯಲ್ಲಿ ಅನ್ನ ಕಲಸಿದವರು ತುತ್ತು ಎತ್ತದೆ ಕೂತುಬಿಟ್ಟರು. ಹತ್ತನೇ ದಿನ ಬೆಳಗ್ಗೆ, ಇನ್ನೂ ಯಾರೂ ಬಂದಿರಲಿಲ್ಲ, ಚಮಚ ಚುಚ್ಚಿದ ಹೋಳುಗಳು ಆರು ತೊಟ್ಟಿಗೂ ಇಳಿದವು. ಉಳಿದೆಲ್ಲ ದಿನವೂ ಇಳಿದವು. ಇಂದೂ ಇಳಿದಿವೆ. ಚಿಕ್ಕ ಯಜಮಾನರು ಬರುವ ಮೊದಲೇ ಚಮಚಗಳನ್ನು ಎತ್ತಿ ಒರೆಸಿ ಇಟ್ಟಾಗಿದೆ.

ಹತ್ತು ಗಂಟೆಗೆ ಅಣ್ಣತಮ್ಮಂದಿರು ಬರುತ್ತಾರೆ. ಪ್ಯಾಕಿಂಗ್‌ನವಳೂ ಏನೋ ನೆಪ ಹೇಳಿ ಬಾಗಿಲಲ್ಲಿ ನಿಲ್ಲುತ್ತಾಳೆ.

"ಎಣಿಸಿದ್ದೀನಿ ಅಣ್ಣ" ಎನ್ನುತ್ತಾರೆ ಚಿಕ್ಕವರು. "ಹುಳದಕ್ಕನ ಕಡೆ ನೂರಕ್ಕೆ ತೊಂಬತ್ತೇಳು ಉಳಿದಿವೆ, ಮಷೀನ್ ಕಡೆ ತೊಂಬತ್ತಾರು. ಗಾತ್ರದಲ್ಲೂ ವ್ಯತ್ಯಾಸ ಇಲ್ಲ ಅಂತಲೇ ಅನ್ನಿ. ಅಕ್ಕನಿಗೆ ಪ್ಯಾಕಿಂಗಲ್ಲಿ ಕುರ್ಚಿ ಇದೆ, ಫ್ಯಾನಿದೆ. ಈ ವಯಸ್ಸಲ್ಲಿ ಬಗ್ಗೋದು ಏಳೋದು ಯಾಕೆ?"

ಹುಳದಕ್ಕ ಸೆರಗಿಗೆ ಕೈ ಒರೆಸುತ್ತಾ ನಿಂತಿದ್ದಾರೆ. ಕೈ ಯಾವಾಗಲೋ ಒಣಗಿದೆ, ಒರೆಸುವುದು ನಿಂತಿಲ್ಲ.

ದೊಡ್ಡವರು ಪ್ರಾಯದಲ್ಲಿ ಇವೇ ತೊಟ್ಟಿಗಳನ್ನು ತಾವೇ ತೊಳೆದವರು. ಕನ್ನಡಕ ಹಾಕಿಕೊಂಡು ಮಷೀನಿನ ತೊಟ್ಟಿಯಿಂದ ಒಂದು ಹುಳು ಎತ್ತಿ, ಚಿಪ್ಪಿನ ಮೇಲೆ ಹೆಬ್ಬೆರಳ ಉಗುರು ಎಳೆಯುತ್ತಾರೆ. ಉಗುರು ಒಂದು ಕಡೆ ತಡೆಯುತ್ತದೆ. ಇನ್ನೊಂದು ಎತ್ತುತ್ತಾರೆ. ಮೂರನೆಯದು. ಎಲ್ಲದರಲ್ಲೂ ಅಲ್ಲೇ ತಡೆಯುತ್ತದೆ.

"ಇಲ್ನೋಡು. ಈ ಪಟ್ಟಿ ಸುಣ್ಣ ಉದುರಿದ ಗೋಡೆ ಥರ ಇದೆ, ಅಗಲ ನೋಡಿದ್ರೆ ಒಂಬತ್ತು ದಿನದ ಬೆಳವಣಿಗೆ. ಗೆರೆ ದಾಟಿದ ಮೇಲೆ ಬೆಳೆದಿರೋದೆಲ್ಲ ಗಾಜಿನ ಥರ ನುಣುಪು." ತಮ್ಮನ ಕೈಗೆ ಹುಳುವನ್ನು ಕೊಡುತ್ತಾರೆ. "ಅಲ್ವೋ, ಒಂಬತ್ತು ದಿನ ಇವನ್ನ ಉಪವಾಸ ಕೆಡವಿದ ನಿನ್ನ ಮಷೀನು, ಹತ್ತನೇ ದಿನ ಅಡುಗೆ ಕಲಿತುಬಿಡ್ತಾ?"

ಬಾಗಿಲಲ್ಲಿ ಉಕ್ಕಿದ ನಗುವನ್ನು ಪ್ಯಾಕಿಂಗ್‌ನವಳು ಕೆಮ್ಮಾಗಿಸುತ್ತಾಳೆ.

"ಕೈ ಹಾಕಬೇಡ ಅಂದಿದ್ರಿ, ಹಾಕಿದೆ. ತಪ್ಪಾಯ್ತು" ಎನ್ನುತ್ತಾರೆ ಹುಳದಕ್ಕ.

ಚಿಕ್ಕ ಯಜಮಾನರಿಗೆ ಸಿಟ್ಟಿಗಿಂತ ಆಶ್ಚರ್ಯವೇ ಹೆಚ್ಚು. "ಅಲ್ಲಾ ಅಕ್ಕ, ಸುಮ್ನಿದ್ದಿದ್ರೆ ನೀವೇ ಗೆಲ್ತಿದ್ರಲ್ಲ!"

"ಪಂದ್ಯ ಇದ್ದಿದ್ದು ನಿಮಗೂ ನನಗೂ ಸಾರ್. ಹಸಿದಿದ್ದು ಅವು."

ದೊಡ್ಡವರು ಕನ್ನಡಕ ತೆಗೆದು ಜೇಬಿಗಿಡುತ್ತಾರೆ. "ಮಷೀನನ್ನ ಮೀನಿಗೆ ಹಾಕ್ಕೊ. ಈ ಕೋಣೆ ಇವರದ್ದೇ." ಹೊರಡುವವರು ತಿರುಗಿ ನಿಂತು, "ನಿಮಗೆ ಗೆಲ್ಲೋಕೇ ಬರಲ್ಲವಲ್ಲಮ್ಮ" ಎಂದು ನಕ್ಕು ಹೋಗುತ್ತಾರೆ.

ಸಂಜೆ ಇಬ್ಬರು ಗೆಳತಿಯರೂ ಒಟ್ಟಿಗೇ ಹೊರಡುತ್ತಾರೆ. ಪ್ಯಾಕಿಂಗ್‌ನವಳ ಬಾಯಿಗೆ ಬಿಡುವಿಲ್ಲ. ಚಿಕ್ಕ ಯಜಮಾನರ ಮುಖ ಹೇಗಾಯಿತೆಂದು ನಟಿಸಿ ತೋರಿಸುತ್ತಾಳೆ, ಉಗುರು ಎಳೆದು ತೋರಿಸುತ್ತಾಳೆ. "ಗೆದ್ದಿದ್ದೀಯ ಅಕ್ಕ! ಒಂದು ನಗು ನಕ್ಕರೆ ಗಂಟು ಕರಗುತ್ತಾ?" ಹುಳದಕ್ಕ ನಗುತ್ತಾರೆ. ತಿರುವಿನಲ್ಲಿ ಗೆಳತಿ ತನ್ನ ದಾರಿ ಹಿಡಿದ ಮೇಲೆ ಆ ನಗು ಉಳಿಯುವುದಿಲ್ಲ.

ಸಂತೋಷವಾಗಿಲ್ಲವೆಂದಲ್ಲ. ಕೋಣೆ ಉಳಿಯಿತು, ಅದಕ್ಕಿಂತ ದೊಡ್ಡದು ಅವರಿಗೆ ಇನ್ನೇನಿದೆ? ಆದರೆ ಉಗುರು ತಡೆದ ಆ ಗೆರೆ ಮನಸ್ಸಿನಿಂದ ಸರಿಯುತ್ತಿಲ್ಲ. ನಾನಿಲ್ಲದಿದ್ದರೆ ಇವಕ್ಕೆ ಯಾರು ಗತಿ ಎಂದು ಇಷ್ಟು ವರ್ಷ ಹೆಮ್ಮೆಯಿಂದಲೇ ಹೇಳಿಕೊಂಡು ತಿರುಗಿದ್ದರು. ಆ ಹೆಮ್ಮೆಯನ್ನು ಇವತ್ತು ಯಜಮಾನರು ಬೆಳಕಿಗೆ ಹಿಡಿದು ತೋರಿಸಿದಂತಾಯಿತು. ಗೆರೆಯ ಆಚೆಯ ಒಂಬತ್ತು ದಿನ ತಾನಿಲ್ಲದ ದಿನಗಳು. ಮಂಡಿ ಪೂರಾ ಕೈಕೊಟ್ಟ ದಿನ ಹೀಗೇ ಆಗುತ್ತದೆ, ಆಗ ಹತ್ತನೇ ದಿನ ಬರುವುದಿಲ್ಲ. ತನ್ನ ಕೈಯಿಂದಲೇ ಉಣ್ಣಬೇಕೆಂದು ಅವೇನೂ ಕೇಳಿಲ್ಲ. ಕೇಳಿದ್ದು ಸೊಪ್ಪು ಮತ್ತು ಸುಣ್ಣ.

ಮಧ್ಯಾಹ್ನ ಚಿಕ್ಕ ಯಜಮಾನರು ಮಷೀನು ಕಳಚುವಾಗ ಹುಳದಕ್ಕನೇ ಅದನ್ನು ಹಿಡಿದುಕೊಂಡಿದ್ದರು. ಗುಳಿಗೆ ಉದುರುವ ತೂತಿನೊಳಗೆ ಕಿರುಬೆರಳ ತುದಿ ಹೋಗುತ್ತದೆ, ಮುಂದಿನ ಗೆಣ್ಣು ಹೋಗುವುದಿಲ್ಲ. ಬೇಯಿಸಿದ ಸೊಪ್ಪನ್ನು ಅರೆದು, ಮೊಟ್ಟೆ ಚಿಪ್ಪಿನ ಪುಡಿ ಕಲಸಿ, ತಟ್ಟೆಯಲ್ಲಿ ತೆಳ್ಳಗೆ ಬಳಿದು ಬಿಸಿಲಿಗಿಟ್ಟರೆ ಒಣಗಬೇಕು. ಒಣಗಿದ್ದನ್ನು ಕಿರುಬೆರಳ ಉಗುರಿನಷ್ಟು ಕತ್ತರಿಸಿದರೆ ಆ ತೂತಿನಿಂದ ಬೀಳಬೇಕು. ಮಷೀನನ್ನು ಮೂಲೆ ಬಿಟ್ಟು ತೊಟ್ಟಿಯ ನಡುವಿಗೆ ತಂದರೆ ಚಿಕ್ಕವಕ್ಕೂ ಸಿಗಬೇಕು. ನೀರಲ್ಲಿ ಎಷ್ಟು ಹೊತ್ತು ಕರಗದೆ ಇರುತ್ತದೋ ನೋಡಬೇಕು. ಮೊದಲ ತಟ್ಟೆ ಕೆಡಬಹುದು, ಹತ್ತನೆಯದೂ ಕೆಡಬಹುದು. ನಿಧಾನಕ್ಕೆ ಅವರು ಎಂದೂ ಹೆದರಿದವರಲ್ಲ. ಸರಿಹೋಗುವ ತನಕ ಯಜಮಾನರಿಗೂ ಹೇಳುವುದು ಬೇಡ, ಗೆಳತಿಗೂ ಬೇಡ, ಹಾಸ್ಯ ಮಾಡುವ ಗಂಡನಿಗಂತೂ ಬೇಡವೇ ಬೇಡ.

ತರಕಾರಿ ಅಂಗಡಿಯ ಮುಂದೆ ನಿಂತು, ಮನೆಗೆ ಬೇಕಾದ ಒಂದು ಕಟ್ಟು ಸೊಪ್ಪಿನ ಜೊತೆ ಇನ್ನೂ ಎರಡು ಕಟ್ಟು ಚೀಲಕ್ಕೆ ಹಾಕಿಸಿಕೊಳ್ಳುತ್ತಾರೆ.

"ಏನಕ್ಕಾ, ಮನೆಗೆ ಯಾರಾದ್ರೂ ಬಂದಿದ್ದಾರಾ?" ಎಂದು ಕೇಳುತ್ತಾನೆ ಅಂಗಡಿಯವನು.

"ಇಲ್ಲಪ್ಪ" ಎನ್ನುತ್ತಾರೆ ಹುಳದಕ್ಕ. "ಎಳೇದು ನೋಡಿ ಹಾಕು."