ಓ.ಹೇ.ಕೇ. ಸರಿ ಇದೆ

ನನಗೆ ಕುತೂಹಲ ಜಾಸ್ತಿ. ಗಂಡ ಇದನ್ನು ಊರ ಉಸಾಬರಿ ಎನ್ನುತ್ತಾರೆ. ಮಗಳು ಅದನ್ನೇ ಇಂಗ್ಲಿಷಿನಲ್ಲಿ ಇನ್ನೂ ಒರಟಾಗಿ ಹೇಳುತ್ತಾಳೆ. ಹೇಳಲಿ. ಒಂದು ಶನಿವಾರ ಬೆಳಿಗ್ಗೆ ಮೌಂಟನ್ ವ್ಯೂನ ನಮ್ಮ ಅಪಾರ್ಟ್‌ಮೆಂಟಿನ ಲಾಂಡ್ರಿ ರೂಮಿನಲ್ಲಿ ನಿಂತು ತಂಗಿಯ ಜೊತೆ ಫೋನಿನಲ್ಲಿ ಜಗಳವಾಡುತ್ತಿದ್ದೆ. ಸುತ್ತ ಯಾರಿಗೂ ಕನ್ನಡ ಬರುವುದಿಲ್ಲವೆಂಬ ಧೈರ್ಯದಲ್ಲಿ ಬಾಯಿಗೆ ಬಂದದ್ದೆಲ್ಲ ಬೈದು ಫೋನಿಟ್ಟೆ. ಡ್ರೈಯರಿನಿಂದ ಬಟ್ಟೆ ತೆಗೆಯುತ್ತಿದ್ದ ಪೇಟದ ಮನುಷ್ಯ ತಿರುಗಿಯೂ ನೋಡದೆ ಹೇಳಿದರು:

"ಇಷ್ಟ್ಯಾಕ ಸಿಟ್ಟಾಗ್ಲತ್ತೀರಿ ಅಕ್ಕಾರ? ಸಣ್ಣಾಕಿ ಇರ್ಬೇಕು, ಬಿಡ್ರಿ."

ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. ಆದರೆ ನಾಚಿಕೆಗಿಂತ ಕುತೂಹಲವೇ ಗೆದ್ದಿತು. ನನ್ನ ಬಟ್ಟೆ ಮಷಿನ್ನಿನಲ್ಲಿ ತಿರುಗುವಷ್ಟೂ ಹೊತ್ತು ಅವರನ್ನು ಬಿಡಲಿಲ್ಲ. ಪಂಜಾಬಿನವರು. ನಮ್ಮ ಕರ್ನಾಟಕದ ನಕ್ಷೆಯಲ್ಲಿ ನೆತ್ತಿಯ ಮೇಲಿರುವ ಊರಿನಲ್ಲಿ ಎಂಜಿನಿಯರಿಂಗ್ ಓದಲು ಹೋಗಿ, ಅರ್ಧಕ್ಕೇ ಬಿಟ್ಟು, ಈ ದೇಶಕ್ಕೆ ಬಂದು ಬಹಳ ವರ್ಷ ಟ್ರಕ್ ಓಡಿಸಿದವರು. ಕನ್ನಡ ಕಲಿಸಿದ್ದು ಮೆಸ್ಸಿನ ಅಡುಗೆಯ ಅವ್ವನಂತೆ.

"ಮಾತಾಡ್ಲಾಕ ಬರ್ತದ. ಓದ್ಲಾಕ ಬರಂಗಿಲ್ಲ," ಎಂದರು.

"ಅಲ್ಲಾ, ಪಂಜಾಬಲ್ಲಿ ಕಾಲೇಜ್ ಇರ್ಲಿಲ್ವಾ? ಅಷ್ಟು ದೂರ ಯಾಕೆ ಬಂದ್ರಿ?"

ಪೇಟದ ಬಟ್ಟೆಯನ್ನು ಉದ್ದಕ್ಕೆ ಮಡಿಸುತ್ತಾ ನಿಧಾನವಾಗಿ ಹೇಳಿದರು. ದಿಲ್ಲಿಯಲ್ಲಿ ಸಿಖ್ಖರ ಕಗ್ಗೊಲೆಯಾಗಿ ಕೆಲವು ವರ್ಷ ಕಳೆದಿತ್ತು. ಪಂಜಾಬಿನ ಹಳ್ಳಿಗಳಲ್ಲಿ ಮೀಸೆ ಚಿಗುರಿದ ಹುಡುಗರನ್ನು ಪೊಲೀಸರು ವಿಚಾರಣೆಗೆಂದು ಜೀಪು ಹತ್ತಿಸುತ್ತಿದ್ದರು. ಕೆಲವರು ಬಂದರು, ಕೆಲವರು ಬರಲೇ ಇಲ್ಲ. ಎಷ್ಟೋ ಜನರನ್ನು ವಾರಸುದಾರರಿಲ್ಲದ ಶವವೆಂದು ಬರೆದುಕೊಂಡು ಸುಟ್ಟರು. ತಂದೆ ತಾಯಿ ಮನೆಯಲ್ಲಿ ಬಾಗಿಲು ಕಾಯುತ್ತಿದ್ದಾಗಲೇ. ಹಾಗಾಗಿ ಇವರ ತಂದೆ, ದಕ್ಷಿಣದಲ್ಲಾದರೆ ಮಗ ಜೀವದಿಂದಿರುತ್ತಾನೆಂದು ಕಳಿಸಿದರು. ಜೊತೆಗೆ ಪಕ್ಕದ ಮನೆಯ ಹುಡುಗನೂ ಬಂದ. ಇಬ್ಬರೂ ಒಂದೇ ರೂಮು.

"ಆಂವ ಅಲ್ಲೇ ಉಳ್ದ," ಎಂದರು.

ಆ ಊರಿನಲ್ಲಿ ಸಿಖ್ ವಿದ್ಯಾರ್ಥಿಗಳ ಮೇಲೆ ಗುಂಪು ಬಿದ್ದಿತ್ತು. ಹುಡುಗರು ಸತ್ತಿದ್ದರು, ಆ ಪಕ್ಕದ ಮನೆಯ ಹುಡುಗನೂ. ನಮ್ಮ ರಾಜ್ಯದಲ್ಲಿ, ನಾನು ಬೆಂಗಳೂರಿನಲ್ಲಿ ಬಿ.ಎಸ್ಸಿ. ಓದುತ್ತಿದ್ದ ಕಾಲದಲ್ಲಿ! ನನಗೆ ಗೊತ್ತೇ ಇರಲಿಲ್ಲ. ಆ ವರ್ಷ ನಾವು ಕ್ಯಾಂಟೀನಿನಲ್ಲಿ ಕೂತು ಸರ್ದಾರ್ಜಿ ಜೋಕು ಹೇಳಿ ಬಿದ್ದುಬಿದ್ದು ನಗುತ್ತಿದ್ದುದು ಮಾತ್ರ ಚೆನ್ನಾಗಿ ನೆನಪಿದೆ. ನನ್ನ ಮೇಲೆ ನನಗೇ ಅಸಹ್ಯವಾಯಿತು.

ಮುಂದಿನ ಶನಿವಾರ ಅವರು ಪ್ಲಾಸ್ಟಿಕ್ ಕವರಿನಲ್ಲಿ ಒಂದು ಕಾಗದ ತಂದರು. ಗೆಳೆಯ ಸತ್ತ ಮಾರನೆಯ ದಿನ ಅಲ್ಲಿನ ಠಾಣೆಯೊಂದರಲ್ಲಿ ಬರೆಸಿದ ದೂರಿನ ಪ್ರತಿ. ಪೂರ್ತಿ ಕನ್ನಡ. ಕೆಳಗೆ ಇವರ ಸಹಿ ಮಾತ್ರ ಗುರುಮುಖಿ ಲಿಪಿಯಲ್ಲಿ.

"ಇಷ್ಟು ವರ್ಷ ಯಾರ ಹತ್ರಾನೂ ಓದಿಸ್ಲಿಲ್ವಾ? ಇಲ್ಲಿ ಕಲ್ಲೆಸೆದ್ರೆ ಕನ್ನಡದವರ ತಲೆಗೆ ಬೀಳತ್ತಲ್ಲ!"

"ಅಂಜ್ಕಿ ಅಕ್ಕಾರ."

ಅಂಜಿಕೆ ಏನೆಂದು ಕೆದಕಿದೆ. ಗುಂಪಿನಲ್ಲಿದ್ದ ಒಬ್ಬನನ್ನು ಇವರು ಕಣ್ಣಾರೆ ಕಂಡಿದ್ದರು. ಇಬ್ಬರ ಅಂಗಿಗಳನ್ನೂ ಇಸ್ತ್ರಿ ಮಾಡಿಕೊಡುತ್ತಿದ್ದವನು. ಅದನ್ನು ಠಾಣೆಯಲ್ಲಿ ಹೇಳಿದೆನೆಂದೇ ಇವರ ನೆನಪು. ಆದರೆ ಕೇಸು ಬಿದ್ದುಹೋಯಿತು. ದೂರು ಕೊಟ್ಟವನೇ ಯಾರನ್ನೂ ಗುರುತು ಹಿಡಿಯಲಾರೆ ಅಂದನಂತೆ ಎಂಬ ಸುದ್ದಿ ಗೆಳೆಯನ ಮನೆಗೆ ಮುಟ್ಟಿತು. ಆ ಮನೆಯವರು ಇವರ ಜೊತೆ ಮಾತು ಬಿಟ್ಟರು. ಆ ಗೆಳೆಯನ ಅಕ್ಕ ಈಗ ಫ್ರೀಮಾಂಟಿನಲ್ಲಿ ಇದ್ದಾರೆ. ಒಂದೇ ಗುರುದ್ವಾರ, ಒಂದೇ ಸಾಲಿನಲ್ಲಿ ಊಟ, ಮಾತಿಲ್ಲ. ಬರುವ ಭಾನುವಾರ ಅಲ್ಲಿ ಆ ಕಾಲ ಕಂಡವರ ಮಾತನ್ನು ರೆಕಾರ್ಡ್ ಮಾಡುತ್ತಾರೆ. ಆಕೆ ಹೇಳಿ ಕಳಿಸಿದ್ದರು: ಎಲ್ಲರೆದುರು ಕೇಳುತ್ತೇನೆ, ನನ್ನ ತಮ್ಮನ ಪರವಾಗಿ ನೀನು ಬಾಯಿ ಬಿಟ್ಟೆಯೋ ಇಲ್ಲವೋ?

"ನಾ ಹೇಳೀನಂತ ಅನಸ್ತದ. ಖರೇ ಹೇಳೀನೋ, ಅಂಜಿ ಸುಮ್ನಾದೆನೋ, ಈಗ ನಂಗs ಗೊತ್ತಾಗ್ವಲ್ದು."

ಬಟ್ಟೆ ಮಡಿಸುವ ಮೇಜಿನ ಮೇಲೆ ಕಾಗದ ಹರಡಿ ಓದಲು ಶುರುಮಾಡಿದೆ. ನನ್ನ ತಂದೆ ಮಂಡ್ಯದಲ್ಲಿ ಕೋರ್ಟಿನ ಎದುರು ಟೈಪಿಸ್ಟರಾಗಿದ್ದರು. ಈ ಭಾಷೆ ನನಗೆ ಹಾಲೂಟದಷ್ಟು ಹಳೆಯದು. 'ಸದರಿ', 'ದುಷ್ಕರ್ಮಿಗಳು', 'ಏಕಾಏಕಿ'. ಸರಾಗವಾಗಿ ಓದಿಕೊಂಡು ಹೋದವಳು ಒಂದು ಕಡೆ ಗಕ್ಕನೆ ನಿಂತೆ. 'ಸದರಿಯವರನ್ನು ನೋಡಿದಲ್ಲಿ ಗುರುತಿಸಲಾರೆ.' ಇಸ್ತ್ರಿಯವನ ಸುದ್ದಿಯೇ ಇಲ್ಲ.

ಸುಳ್ಳು ಹೇಳಿಬಿಡಲೇ ಎಂದು ನಿಜವಾಗಿಯೂ ಯೋಚಿಸಿದೆ. ಲಾರೆ ಇದ್ದಲ್ಲಿ ಬಲ್ಲೆ ಅಂದರೆ ಮುಗಿಯಿತು, ಯಾರಿಗೆ ಗೊತ್ತಾಗುತ್ತದೆ? ಅವರು ನನ್ನ ಬಾಯನ್ನೇ ನೋಡುತ್ತಿದ್ದರು. ಆಗಲಿಲ್ಲ. ಇದ್ದದ್ದನ್ನು ಇದ್ದ ಹಾಗೆ ಓದಿದೆ.

"ಲಾರೆ ಅಂದ್ರ?"

"ಆಗಲ್ಲ ಅಂತ. ಗುರುತು ಹಿಡಿಯಕ್ಕೆ ಆಗಲ್ಲ ಅಂತ."

ಅವರು ನಕ್ಕರು. ಒಳ್ಳೆಯ ನಗೆಯಲ್ಲ. "ನಮ್ಮ ಪಂಜಾಬಿದಾಗ ಲಾರೇ ಅಂದ್ರ ಸುಳ್ಳು ಭರವಸಾ. ಇವತ್ತ ಮಾಡ್ತೀನಿ, ನಾಳಿ ಮಾಡ್ತೀನಿ ಅಂತಾರಲ್ರಿ, ಅದು."

ಕೊನೆಯ ಸಾಲಿನಲ್ಲಿ ಮೂರು ಪುಟ್ಟ ಪದಗಳಿದ್ದವು: ಓ.ಹೇ.ಕೇ. ಸರಿ ಇದೆ. ಓದಿ ಹೇಳಿದ್ದು ಕೇಳಿದೆ, ಸರಿ ಇದೆ. ಹೇಳಿಕೆ ಬರೆದುಕೊಂಡವರು ಅದನ್ನು ಹೇಳಿದವನಿಗೆ ಓದಿ ಕೇಳಿಸಿ, ಅವನು ಒಪ್ಪಿದ ಮೇಲೆ ಹಾಕುವ ಸಾಲು. ನಮ್ಮ ಮನೆಯಲ್ಲಿ ಅದೊಂದು ತಮಾಷೆ. ಅಮ್ಮ ಸಾಮಾನಿನ ಚೀಟಿ ಓದಿದರೆ ಅಪ್ಪ "ಓಹೇಕೇ ಸರಿ ಇದೆ" ಎಂದು ಚೀಲ ಹಿಡಿದು ಹೊರಡುತ್ತಿದ್ದರು. ಆ ಸಾಲಿನ ಅರ್ಥವನ್ನು ಇವರಿಗೆ ವಿವರಿಸಿದೆ.

"ಯಾರು ಓದಿ ಹೇಳ್ಯಾರ?" ಅವರ ದನಿ ಮೊದಲ ಸಲ ಏರಿತು. "ಯಾರೂ ಓದಿಲ್ಲ! ಇಲ್ಲಿ ಸಹಿ ಮಾಡು ಅಂದ್ರು, ಮಾಡ್ದೆ. ಇವತ್ತ ನೀವೇ ಮೊದಲ್ನೇರು."

ನನಗೆ ಮೈಯೆಲ್ಲ ಉರಿದುಹೋಯಿತು. ಅಪ್ಪ ಓದಿ ಕೇಳಿಸದೆ ಒಂದು ಅರ್ಜಿಯ ಮೇಲೂ ಹೆಬ್ಬೆಟ್ಟು ಒತ್ತಿಸಿದವರಲ್ಲ. "ಹಂಗಾದ್ರೆ ಈ ಕೊನೇ ಸಾಲೇ ಸುಳ್ಳು ಕಣ್ರೀ! ಕೊನೇದೇ ಸುಳ್ಳಾದ್ಮೇಲೆ ಮೇಲಿಂದು ನಿಮ್ಮ ಮಾತು ಅಂತ ಯಾಕೆ ನಂಬಬೇಕು? ಅವತ್ತು ಠಾಣೇಲಿ ಏನಂದ್ರಿ, ಯಾವ ಭಾಷೇಲಿ ಅಂದ್ರಿ, ಅಷ್ಟು ಹೇಳಿ."

ಅವರು ಕಣ್ಣು ಮುಚ್ಚಿದರು. ಮಷಿನ್ನು ನಿಂತು ಕೀಂಗುಟ್ಟಿತು, ಇಬ್ಬರೂ ಅತ್ತ ಹೋಗಲಿಲ್ಲ.

"ಮೊದ್ಲ ಹಿಂದಿದಾಗ ಹೇಳ್ದೆ, ಅವ್ರು ಬರಕೊಳ್ಳಿಲ್ಲ. ಆಮ್ಯಾಲ ಅವ್ವ ಕಲ್ಸಿದ್ ಕನ್ನಡದಾಗ ಹೇಳ್ದೆ. 'ನಾ ಕಂಡೀನ್ರಿ. ಇಸ್ತ್ರಿಯಂವ ಇದ್ದ.' ಅದ ಕೇಳಿ ಒಬ್ಬ ನಕ್ಕ. ನನ್ನ ಕನ್ನಡಕ್ಕ ನಕ್ಕ." ಕಣ್ಣು ತೆರೆದು ನನ್ನ ತೋಳು ಹಿಡಿದುಕೊಂಡರು. "ಹೇಳೀನಿ ಅಕ್ಕಾರ. ನಕ್ಕಿದ್ದು ನೆನಪದ. ಹೇಳೀನಿ!"

ಲಾಂಡ್ರಿ ರೂಮಿನಲ್ಲಿ ನಾನು ಅತ್ತೆ, ಅವರೂ ಅತ್ತರು. ಆಮೇಲೆ ನನ್ನ ಮಗಳ ನೋಟ್‌ಬುಕ್ಕಿನ ಹಾಳೆಯಲ್ಲಿ ಅವರು ಹೇಳಿದ್ದನ್ನು ಅವರ ಮಾತಿನಲ್ಲೇ ಬರೆದೆ. ಸದರಿ ಇಲ್ಲ, ಲಾರೆ ಇಲ್ಲ.

ಭಾನುವಾರ ಬ್ರಿಜ್ ದಾಟಿ ಫ್ರೀಮಾಂಟಿಗೆ ಹೋದೆವು. ಗೆಳೆಯನ ಅಕ್ಕ ಎಪ್ಪತ್ತರ ಹತ್ತಿರದ, ಬೆನ್ನು ಬಾಗದ ಹೆಂಗಸು. ಕ್ಯಾಮೆರಾದ ಮುಂದೆ ಇವರನ್ನು ಕೂರಿಸಿ, ಹೇಳಿ ಕಳಿಸಿದ್ದ ಪ್ರಶ್ನೆಯನ್ನೇ ಕೇಳಿದರು. ಇವರು ಮೊದಲು ಹಳೆಯ ಕಾಗದ ಕೊಟ್ಟರು, ಮುಚ್ಚಿಡಲಿಲ್ಲ. ಅದರಲ್ಲಿ ಏನಿದೆಯೆಂದು ಪಂಜಾಬಿಯಲ್ಲಿ ತಾವೇ ಹೇಳಿದರು. ಆಕೆಯ ಮುಖ ಗಟ್ಟಿಯಾಯಿತು. ಆಮೇಲೆ ನಾನು ಹೊಸ ಹಾಳೆ ತೆಗೆದು ಕನ್ನಡದಲ್ಲಿ ಓದಿದೆ. 'ನಾ ಕಂಡೀನಿ. ಇಸ್ತ್ರಿಯಂವ ಇದ್ದ. ಇದನ್ನ ಅವತ್ತೂ ಹೇಳೀನಿ.' ಸಾಲು ಸಾಲಿಗೂ ಅವರು ಪಂಜಾಬಿಯಲ್ಲಿ ಹೇಳುತ್ತಾ ಹೋದರು. ಮುಗಿದ ಮೇಲೆ ಅಪ್ಪ ಕೇಳುತ್ತಿದ್ದಂತೆ ಕೇಳಿದೆ, "ಓದಿ ಹೇಳಿದ್ದು ಕೇಳಿದ್ರಾ? ಸರಿ ಇದೆಯಾ?"

"ಕೇಳ್ದೆ. ಸರಿ ಅದ," ಎಂದು ಸಹಿ ಹಾಕಿದರು.

ಇದೇನು ಪದ್ಧತಿ ಎಂದು ಗೆಳೆಯನ ಅಕ್ಕ ನನ್ನನ್ನು ಹಿಂದಿಯಲ್ಲಿ ಕೇಳಿದರು. ಹೇಳಿದೆ. ಆಕೆ ಹಾಳೆಯನ್ನು ತಮ್ಮ ಕಡೆ ಎಳೆದುಕೊಂಡರು. ತಮಗೆ ತಿಳಿಯದ ಲಿಪಿಯ ಮೇಲೆ ಒಮ್ಮೆ ಬೆರಳಾಡಿಸಿ, ಇವರ ಕೈಯಿಂದ ಪೆನ್ನು ತೆಗೆದುಕೊಂಡರು.

"ನಾನೂ ಕೇಳಿದ್ದೇನೆ," ಎಂದು ಅವರ ಹೆಸರಿನ ಕೆಳಗೆ ತಮ್ಮ ಹೆಸರು ಬರೆದರು.